ಹೆಬ್ಬೆರಳಿನ ಹುರಿ

ನನಗೊಂದು ವಿಚಿತ್ರ ಅಭ್ಯಾಸವಿದೆ. ಎಂಥ ಚಳಿಯಲ್ಲೂ ನಾನು ಬಲಗಾಲನ್ನು ಹೊದಿಕೆಯಿಂದ ಆಚೆಗೆ ಹಾಕಿಕೊಂಡೇ ಮಲಗುತ್ತೇನೆ. ಕಾಲೆಂದರೆ ಪೂರ್ತಿ ಕಾಲಲ್ಲ, ಪಾದ. ಪಾದದಲ್ಲೂ ಮುಖ್ಯವಾಗಿ ಹೆಬ್ಬೆರಳು. ಮದುವೆಯಾದ ಹೊಸದರಲ್ಲಿ ನನ್ನ ಹೆಂಡತಿ ಇದನ್ನು ಕಂಡು ಮರುಕಪಟ್ಟು ದಿನಾ ರಗ್ಗನ್ನು ಎಳೆದು ಪಾದ ಮುಚ್ಚುತ್ತಿದ್ದಳು. ಮುಚ್ಚಿದಷ್ಟೂ ಅದು ಹೊರಗೆ ಬರುತ್ತಿತ್ತು. ಬರಬರುತ್ತ ಮರುಕ ಹೋಗಿ ಅನುಮಾನ ಬಂತು. ವಾಯುವಿನ ದೋಷವಿರಬೇಕೆಂದು ಅತ್ತೆಯವರು ಒಂದು ಸೀಸೆ ಎಣ್ಣೆಯನ್ನೂ ಕಳಿಸಿಕೊಟ್ಟರು. ಎಣ್ಣೆ ಹಚ್ಚಿಸಿಕೊಂಡ ಹೆಬ್ಬೆರಳು ಇನ್ನಷ್ಟು ಮಿರಮಿರ ಮಿಂಚುತ್ತ ಹೊರಗೇ ಉಳಿಯಿತು. ಈಗ ಆಕೆ ಕೈಚೆಲ್ಲಿ ಕೂತಿದ್ದಾಳೆ. ಕಾರಣವನ್ನು ನಾನು ಆಕೆಗೆ ಸರಿಯಾಗಿ ಹೇಳಿಲ್ಲ. ನಿಮಗೆ ಹೇಳಿಬಿಡುತ್ತೇನೆ, ನೀವು ಎಣ್ಣೆ ಕಳಿಸುವವರಲ್ಲ.

ಈಗ ನಾನು ಹೈಸ್ಕೂಲಿನಲ್ಲಿ ಮೇಷ್ಟ್ರು. ಬೆಳಗಿನ ಜಾವ ಏಳುವುದರ ಪ್ರಯೋಜನವನ್ನು ಕುರಿತು ಹುಡುಗರಿಗೆ ಉಪದೇಶ ಮಾಡಿ ಸಂಬಳ ತೆಗೆದುಕೊಳ್ಳುವ ಮನುಷ್ಯ. ಹಿಂದಿನ ಬೆಂಚಿನವರು ಆ ಉಪದೇಶ ನಡೆಯುತ್ತಿರುವಾಗಲೇ ತೂಕಡಿಸುತ್ತಾರೆ. ನನಗೆ ಅವರ ಮೇಲೆ ಸಿಟ್ಟು ಬರುವುದಿಲ್ಲ, ಒಂದು ಬಗೆಯ ಬಂಧುಪ್ರೇಮ ಉಕ್ಕುತ್ತದೆ. ಹದಿನಾರು ಹದಿನೇಳರ ವಯಸ್ಸಿನಲ್ಲಿ ನಾನೂ ಅದೇ ಕುಲದವನು. ಕುಲದವನೇನು, ಕುಲದ ಯಜಮಾನ ಅಂದರೂ ತಪ್ಪಿಲ್ಲ.

ಸೋಮಾರಿತನದಲ್ಲೂ ತರಗತಿಗಳುಂಟು. ಕೆಲಸ ಕಂಡರೆ ಓಡುವವನು ಕೆಳದರ್ಜೆಯ ಸೋಮಾರಿ. ಓಡುವುದೂ ಒಂದು ಕೆಲಸವೇ ಎಂಬ ಜ್ಞಾನ ಅವನಿಗಿನ್ನೂ ಬಂದಿಲ್ಲ. ನಾನು ಓಡುತ್ತಿರಲಿಲ್ಲ, ಮಲಗಿರುತ್ತಿದ್ದೆ. ಚಿಂತೆ ಇಲ್ಲದವನಿಗೆ ಸಂತೆಯಲ್ಲೂ ನಿದ್ದೆ ಅನ್ನುತ್ತಾರಲ್ಲ, ನಮ್ಮ ಮನೆಯಿದ್ದದ್ದು ಮಂಡಿ ಮೊಹಲ್ಲಾದಲ್ಲಿ. ಅಲ್ಲಿ ವರ್ಷವೆಲ್ಲಾ ಸಂತೆ. ಎತ್ತಿನ ಗಾಡಿಗಳ ಗಲಾಟೆ, ಮೂಟೆ ಇಳಿಸುವವರ ಕೂಗು, ತೂಕದವರ ಜಗಳ, ಮಸೀದಿಯ ಬಾಂಗು, ಪಕ್ಕದ ಮನೆಯ ರುಬ್ಬುಗುಂಡು. ಇಷ್ಟೆಲ್ಲದರ ನಡುವೆ ಬಿಸಿಲು ಚಾಪೆಯವರೆಗೆ ಬಂದು, ಚಾಪೆ ಹತ್ತಿ, ಮುಖಕ್ಕೆ ಬಡಿಯುವವರೆಗೂ ನಾನು ಅಲುಗುತ್ತಿರಲಿಲ್ಲ. ಬಿಸಿಲು ಮುಖಕ್ಕೆ ಬಂದರೆ ಚಾಪೆಸಮೇತ ನೆರಳಿಗೆ ಉರುಳುತ್ತಿದ್ದೆ. ಅದೊಂದೇ ನನ್ನ ಬೆಳಗಿನ ವ್ಯಾಯಾಮ.

ಇದಕ್ಕೆ ನನ್ನ ಬಳಿ ಶಾಸ್ತ್ರಾಧಾರವೂ ಇತ್ತು. ಇಲ್ಲೇ ಶ್ರೀರಂಗಪಟ್ಟಣದಲ್ಲಿ ಸಾಕ್ಷಾತ್ ರಂಗನಾಥಸ್ವಾಮಿ ಹಾವಿನ ಹಾಸಿಗೆಯ ಮೇಲೆ ಮಲಗಿದ್ದಾನೆ. ಮಲಗಿದವನನ್ನು ನೋಡಲು ಜನ ಎದ್ದು, ಸ್ನಾನ ಮಾಡಿ, ಗಾಡಿ ಕಟ್ಟಿಕೊಂಡು ಹೋಗುತ್ತಾರೆ. ವರ್ಷದಲ್ಲಿ ನಾಲ್ಕು ತಿಂಗಳು ವಿಷ್ಣುವಿಗೆ ಯೋಗನಿದ್ದೆ ಎಂದು ಪಂಚಾಂಗದಲ್ಲೇ ಇದೆ. ಉಳಿದ ದಿನಗಳಲ್ಲೂ ಬೆಳಗಾದರೆ ದೇವರನ್ನು ಎಬ್ಬಿಸಲು ವಾದ್ಯ ಬೇಕು, ಸ್ತೋತ್ರ ಬೇಕು, ಅರ್ಚಕರು ಬೇಕು. ದೇವರ ಪಾಡೇ ಹೀಗಿರುವಾಗ ಮನುಷ್ಯಮಾತ್ರದವನು ತಾನಾಗಿ ಏಳುವುದು ಅಹಂಕಾರವಲ್ಲವೆ? ಈ ವಾದವನ್ನು ಒಮ್ಮೆ ಅಪ್ಪನ ಮುಂದೆ ಇಟ್ಟೆ. ಅಪ್ಪ ಹೆಚ್ಚು ಮಾತಿನವನಲ್ಲ. ಬೀಡಿ ಕೆಳಗಿಟ್ಟು, “ಅವನ್ನ ಎಬ್ಸಕ್ಕೆ ಪೂಜಾರಪ್ಪ ಅವ್ನೆ. ನಿನ್ನ ಎಬ್ಸಕ್ಕೆ ಯಾರ್ಲಾ ಅವ್ರೆ?” ಅಂದ.

ಅಪ್ಪ ಕೇಳಿದ್ದು ಗದರಿಕೆಗೆ. ಉತ್ತರ ಮಾತ್ರ ಮನೆಯೊಳಗೇ ಇತ್ತು.

ಸ್ವಾತಂತ್ರ್ಯ ಬಂದು ಕೆಲವು ವರ್ಷಗಳಾಗಿದ್ದ ಕಾಲ ಅದು. ಅಪ್ಪ ಹಳ್ಳಿಯಲ್ಲಿ ಅಣ್ಣತಮ್ಮಂದಿರಿಗೆ ಜಮೀನು ಬಿಟ್ಟು ಬಂದು ಮಂಡಿಯಲ್ಲಿ ಬೆಲ್ಲದ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದ. ನಮ್ಮ ವಂಶದಲ್ಲಿ ಎಸ್.ಎಸ್.ಎಲ್.ಸಿ. ಮೆಟ್ಟಿಲು ತುಳಿದವನು ನಾನೇ ಮೊದಲಿಗ. ತುಳಿದೆ, ಜಾರಿದೆ. ಇಂಗ್ಲಿಷಿನಲ್ಲೂ ಲೆಕ್ಕದಲ್ಲೂ ಡುಮ್ಕಿ. ಸೆಪ್ಟೆಂಬರಿನಲ್ಲಿ ಮತ್ತೆ ಕಟ್ಟಬಹುದಿತ್ತು. ಅಪ್ಪ ಬೈಯಲಿಲ್ಲ, ಹೊಡೆಯಲಿಲ್ಲ. ಮಾರನೆಯ ದಿನ ಮಂಡಿಯಿಂದ ಬರುವಾಗ ಗೋಣಿ ಹೊಲಿಯುವ ಒಂದು ದಬ್ಬಣವನ್ನೂ ಒಂದುಂಡೆ ಸೆಣಬಿನ ಹುರಿಯನ್ನೂ ತಂದು ಗೋಡೆಯ ಗೂಡಿನಲ್ಲಿಟ್ಟ. ಸೆಪ್ಟೆಂಬರಿನಲ್ಲೂ ಹೀಗೇ ಆದರೆ ಇವುಗಳನ್ನು ಎತ್ತಿಕೊಂಡು ತನ್ನ ಜೊತೆ ಬರಬೇಕೆಂದು ಅವ್ವನಿಗೆ ಹೇಳಿದ. ನನಗೆ ಕೇಳಿಸಲಿ ಅಂತಲೇ ಅವ್ವನಿಗೆ ಹೇಳಿದ್ದು. ಆ ದಬ್ಬಣ ಗೂಡಿನಲ್ಲಿ ಕೂತು ಹಗಲೆಲ್ಲ ನನ್ನನ್ನೇ ನೋಡುತ್ತಿತ್ತು. ಭಯವೇನೋ ನಿಜವಾಗಿಯೂ ಆಯಿತು. ಎಷ್ಟು ಭಯವಾಯಿತೆಂದರೆ, ದಣಿದು ಮಲಗಿಬಿಟ್ಟೆ.

ಇಲ್ಲಿ ಅಕ್ಕ ಬರುತ್ತಾಳೆ. ಅಕ್ಕ ಕೆಂಪಮ್ಮ ನನಗಿಂತ ಮೂರು ವರ್ಷಕ್ಕೆ ದೊಡ್ಡವಳು. ಮಿಡ್ಲ್ ಸ್ಕೂಲಿನಲ್ಲಿ ತರಗತಿಗೇ ಮೊದಲಿಗಳಾಗಿದ್ದವಳನ್ನು, ಅವ್ವನಿಗೆ ಸೊಂಟನೋವು ಬಂತೆಂದು ಶಾಲೆ ಬಿಡಿಸಿದ್ದರು. ಬೆಳಗಿನ ಜಾವ ಬೀದಿ ನಲ್ಲಿಯಲ್ಲಿ ನೀರು ಬರುವುದಕ್ಕೆ ಮುಂಚೆ ಎದ್ದು, ಕೊಡಗಳನ್ನು ಸಾಲಿಗಿಟ್ಟು, ಮನೆಗೆಲ್ಲ ನೀರು ಹೊರುವವಳು ಅವಳು. ಆ ಹೊತ್ತಿಗೇ ನನ್ನನ್ನೂ ಎಬ್ಬಿಸಿ ನಲ್ಲಿಯ ಪಕ್ಕದ ದೀಪದ ಕಂಬದ ಕೆಳಗೆ ಕೂರಿಸಿ ಓದಿಸುತ್ತೇನೆಂದು ಅವಳು ಹಟ ತೊಟ್ಟಳು.

ಹಟ ತೊಡುವುದು ಸುಲಭ, ಎಬ್ಬಿಸುವುದು ಹೇಗೆ? ವಠಾರದ ನಮ್ಮ ಮನೆಗೆ ಇದ್ದದ್ದು ಎರಡೇ ಕೋಣೆ. ಹಿಂದಿನದರಲ್ಲಿ ಅಡುಗೆ, ಅವ್ವ, ಅಕ್ಕ. ಅದಕ್ಕೆ ಓಣಿಗೆ ತೆರೆಯುವ ಬಾಗಿಲು ಬೇರೆ. ಮುಂದಿನ ಪಡಸಾಲೆಯಲ್ಲಿ ಅಪ್ಪ, ಆಸ್ಪತ್ರೆಗೋ ಕೋರ್ಟಿಗೋ ಮಂಡಿಗೋ ಅಂತ ಹಳ್ಳಿಯಿಂದ ಬಂದ ನೆಂಟರು, ಎಲ್ಲರಿಗಿಂತ ಆಚೆ ಮೂಲೆಯಲ್ಲಿ ನಾನು. ನನ್ನನ್ನು ಮುಟ್ಟಬೇಕಾದರೆ ಅಷ್ಟು ಜನರನ್ನೂ ದಾಟಬೇಕು. ಮಲಗಿದವರನ್ನು ದಾಟಬಾರದೆಂದು ನಮ್ಮಲ್ಲಿ ಕಟ್ಟುನಿಟ್ಟು. ಚಿಕ್ಕವರನ್ನು ದಾಟಿದರೆ ಬೆಳೆಯುವುದಿಲ್ಲ, ದೊಡ್ಡವರನ್ನು ದಾಟಿದರೆ ಪಾಪ. ಕೂಗೋಣವೆಂದರೆ ಇಡೀ ದಿನ ಮೂಟೆಗಳ ನಡುವೆ ನಿಂತು ಬಂದ ಅಪ್ಪನ ನಿದ್ದೆ ಕೆಡುತ್ತದೆ. ಓಣಿಯ ಕಿಟಕಿಯಿಂದ ಒಂದು ಬಿದಿರ ಗಳು ತೂರಿಸಿ ನನ್ನನ್ನು ತಿವಿಯಲು ಒಂದು ದಿನ ನೋಡಿದಳು. ಗಳು ಕತ್ತಲಲ್ಲಿ ತಡಕಾಡಿ ಅಪ್ಪನ ಪಕ್ಕೆ ಸೇರಿತು. ಆ ಉಪಾಯ ಅಲ್ಲಿಗೆ ಮುಗಿಯಿತು.

ಆಗ ಅವಳ ಕಣ್ಣಿಗೆ ಬಿದ್ದದ್ದು ಗೂಡಿನಲ್ಲಿದ್ದ ಹುರಿ. ಅದರ ಒಂದು ತುದಿ ನನ್ನ ಬಲಗಾಲಿನ ಹೆಬ್ಬೆರಳಿಗೆ. ಅಲ್ಲಿಂದ ಅದು ಗೋಡೆಯಂಚಿನಲ್ಲೇ ಹರಿದು ಕಿಟಕಿಯ ಸರಳಿನ ಸಂದಿಯಿಂದ ಓಣಿಗೆ ಇಳಿಯುತ್ತಿತ್ತು. ಬೆಳಗಿನ ಜಾವ ಅಕ್ಕ ಕೊಡ ಹಿಡಿದು ಹೋಗುವಾಗ ಆ ತುದಿಯನ್ನು ಎಳೆಯುವುದು, ನಾನು ಏಳುವುದು. ಏರ್ಪಾಟನ್ನು ನೋಡಿದ ಅಪ್ಪ, ನಾಯಿ ಬಾಲಕ್ಕೆ ದಬ್ಬೆ ಕಟ್ಟುತ್ತಿದ್ದಾಳೆ ಅಂತ ನಕ್ಕು ಮಗ್ಗುಲಾದ.

ಅಪ್ಪನ ಮಾತು ಸುಳ್ಳಾಗಬಾರದೆಂದು ನಾನೂ ಕೈಲಾದಷ್ಟು ಶ್ರಮಿಸಿದೆ. ಹುರಿ ಎಳೆದಾಗ ಎದ್ದು ಕೂರುವುದು, ಅಕ್ಕ ನಲ್ಲಿಯ ಕಡೆ ಹೋದ ಮೇಲೆ ಮತ್ತೆ ಒರಗುವುದು. ಎಳೆದಾಗ ಕಾಲನ್ನು ಮಾತ್ರ ಅಲ್ಲಾಡಿಸಿ ಎದ್ದ ಹಾಗೆ ಸುದ್ದಿ ಕಳಿಸಿ ಮಲಗುವುದು. ಇವೆಲ್ಲ ಸಣ್ಣಪುಟ್ಟ ಸಾಹಸಗಳು. ದೊಡ್ಡದು ನಡೆದದ್ದು ಸೋದರಮಾವ ಬಂದ ದಿನ. ಮಾವ ಬೆಲ್ಲದ ಗಾಡಿಯೊಂದಿಗೆ ಬಂದು, ಎರಡು ಮುದ್ದೆ ಹೆಚ್ಚಾಗಿಯೇ ಉಂಡು, ನನ್ನ ಪಕ್ಕದಲ್ಲಿ ಗೊರಕೆ ಹೊಡೆಯುತ್ತಿದ್ದರು. ಹುರಿಯ ಕುಣಿಕೆಯನ್ನು ನನ್ನ ಬೆರಳಿಂದ ಬಿಚ್ಚಿ ಅವರ ಬೆರಳಿಗೆ ತೊಡಿಸಿ ನಾನು ನಿಶ್ಚಿಂತನಾದೆ.

ಮುಂದಿನದನ್ನು ನಾನು ಬೇರೆಯವರ ಬಾಯಲ್ಲಿ ಕೇಳಿ ಹೇಳುತ್ತಿದ್ದೇನೆ. ಅಕ್ಕ ಹುರಿ ಎಳೆದಳಂತೆ. ಜಗ್ಗಲಿಲ್ಲ. ಇವತ್ತು ಸೋಮಾರಿ ಬಹಳ ಗಟ್ಟಿಯಾಗಿದ್ದಾನೆಂದು ಗೋಡೆಗೆ ಕಾಲು ಕೊಟ್ಟು ಎಳೆದಳಂತೆ. ಮಾವ, ಹಾವು ಹೆಬ್ಬೆರಳು ಕಚ್ಚಿ ಬಿಲಕ್ಕೆ ಎಳೆದುಕೊಂಡು ಹೋಗುತ್ತಿದೆಯೆಂದು ಕಿರುಚಿದ ಕಿರುಚಿಗೆ ವಠಾರವೆಲ್ಲ ಎದ್ದು ಬಂತು. ಒಬ್ಬರು ಲಾಟೀನು, ಒಬ್ಬರು ಒನಕೆ, ಎದುರು ಮನೆಯ ಸಾಹೇಬರು ಹಾವಿನ ಕಡಿತಕ್ಕೆಂದು ಯಾವುದೋ ಬೇರು. ಅಷ್ಟು ಜನ ಸೇರಿ, ಹಾವು ಹುಡುಕಿ, ಹುರಿ ಕಂಡು, ನಕ್ಕು, ಬೈದು, ಚದುರಿದರು. ಇಷ್ಟರಲ್ಲೂ ಏಳದಿದ್ದವನು ನಾನೊಬ್ಬನೇ.

ಅಕ್ಕ ಅವತ್ತೆಲ್ಲ ನನ್ನ ಜೊತೆ ಮಾತಾಡಲಿಲ್ಲ. ಸಂಜೆ ನಾನೇ ಹೋಗಿ ಹಲ್ಲು ಕಿರಿದೆ. ಅವಳು ನಗಲಿಲ್ಲ. ನನ್ನ ಕಾಲನ್ನು ತನ್ನ ಮಡಿಲ ಮೇಲಿಟ್ಟುಕೊಂಡು ಹುರಿಯನ್ನು ಸುತ್ತಿ, ಮೂಟೆಯ ಬಾಯಿಗೆ ಹಾಕುವ ಗಂಟು ಹಾಕಿದಳು. ಹಾಕುತ್ತಲೇ, ತಲೆ ಎತ್ತದೆ ಹೇಳಿದಳು:

“ನಂಗೆ ಓದು ಬುಡುಸ್ಬುಟ್ರು ಕಣ್ಲಾ. ನೀನು ನೀನಾಗೇ ಬುಟ್ಬುಡ್ತಿಯಾ?”

ಅಕ್ಕನಿಗೆ ಓದಬೇಕೆಂಬ ಆಸೆ ಇತ್ತೆಂಬುದೇ ನನಗೆ ಅಲ್ಲಿಯವರೆಗೆ ಹೊಳೆದಿರಲಿಲ್ಲ. ಅಕ್ಕ ಎಂದರೆ ಕೊಡ, ಮುದ್ದೆ, ಕಸಬರಿಕೆ. ಅವಳು ಹುಟ್ಟಿದ್ದೇ ಅದಕ್ಕೆ ಎಂಬಂತೆ ನಾವೆಲ್ಲ ಇದ್ದೆವು. ನಾನು ಚಾಪೆಯ ಮೇಲೆ ಉರುಳಾಡಿ ಕಳೆಯುತ್ತಿದ್ದದ್ದು ಅವಳಿಗೆ ಸಿಗದೆ ಹೋದದ್ದನ್ನು. ಮಾರನೆಯ ದಿನ ಹುರಿ ಜಗ್ಗಿದಾಗ ಎದ್ದೆ, ಮಲಗಿದವರ ಕಾಲುಗಳನ್ನು ಮೆಲ್ಲಗೆ ಸರಿಸುತ್ತ ಹೊರಬಿದ್ದು ನಲ್ಲಿಯ ಹತ್ತಿರ ಹೋಗಿ ಕೂತೆ.

ಒಂದೇ ದಿನಕ್ಕೆ ಬದಲಾದೆ ಅಂದರೆ ನೀವು ನಂಬಬೇಡಿ. ಕಂಬಕ್ಕೆ ಒರಗಿ ಪುಸ್ತಕ ಹಿಡಿದುಕೊಂಡೇ ನಿದ್ದೆ ಹೋದ ದಿನಗಳಿವೆ. ಅದಕ್ಕೆ ಅಕ್ಕ ಜೋರಾಗಿ ಓದುವ ಕಟ್ಟಳೆ ಹಾಕಿದಳು. ಓದು ನಿಂತರೆ ಒದ್ದೆ ಕೈಯಿಂದ ಮುಖಕ್ಕೆ ನೀರು ಎರಚುವಳು. ಹಾಗೆ ಜೋರಾಗಿ ಓದುತ್ತಾ ಓದುತ್ತಾ ಒಂದು ಸಂಗತಿ ಕಂಡೆ. ಅಕ್ಕ ನನ್ನನ್ನು ಕಾವಲು ಕಾಯುತ್ತಿರಲಿಲ್ಲ, ಪಾಠ ಕೇಳುತ್ತಿದ್ದಳು. ಕೊಡ ತುಂಬಿ ನೀರು ಸುರಿದು ಹೋಗುತ್ತಿದ್ದರೂ ಅವಳಿಗೆ ಗೊತ್ತಾಗುತ್ತಿರಲಿಲ್ಲ. ಹಿಂದಿದ್ದ ಹೆಂಗಸರು, “ಕೊಡ ತಗಿ ಕೆಂಪಮ್ಮ, ನೀರೆಲ್ಲ ಬೀದಿ ಪಾಲಾಯ್ತದೆ” ಅಂತ ರೇಗುತ್ತಿದ್ದರು. ಸಮುದ್ರದ ಗಾಳಿ ಹೇಗೆ ಮಳೆ ತರುತ್ತದೆ ಎನ್ನುವ ಪಾಠವನ್ನು ಮತ್ತೊಮ್ಮೆ ಓದಿಸಿದಳು. ಇಂಗ್ಲಿಷ್ ಪಾಠ ಅವಳಿಗೆ ಅಷ್ಟಾಗಿ ಅರ್ಥವಾಗುತ್ತಿರಲಿಲ್ಲ. ಆದರೂ ನಾನು ಒಂದು ಸಾಲು ಹಾರಿಸಿದರೆ ನಿನ್ನೆ ಹೀಗಿರಲಿಲ್ಲವಲ್ಲ ಅಂತ ಹಿಡಿದುಬಿಡುವಳು. ಸೊಂಟದಲ್ಲಿ ಒಂದು, ತಲೆಯ ಮೇಲೊಂದು ಕೊಡ ಹೊತ್ತು ಮನೆಯ ಕಡೆ ನಡೆಯುತ್ತ ನನಗೆ ಪ್ರಶ್ನೆ ಕೇಳುತ್ತಿದ್ದಳು. ಉತ್ತರ ಹೇಳಲು ನಾನು ಅವಳ ಹಿಂದೆ ಹಿಂದೆ ಹೋಗುತ್ತಿದ್ದೆ. ಕೈಯಲ್ಲಿ ಪುಸ್ತಕ ಬಿಟ್ಟು ಏನೂ ಇಲ್ಲದೆ ಹೋಗುತ್ತಿದ್ದೆ. ಒಂದು ಕೊಡ ಇಸಿದುಕೊಳ್ಳಬೇಕೆಂಬ ಬುದ್ಧಿ ಇನ್ನೂ ಬಂದಿರಲಿಲ್ಲ.

ಬರಬರುತ್ತ ಹುರಿ ಜಗ್ಗುವುದಕ್ಕೆ ಮುಂಚೆಯೇ ನನಗೆ ಎಚ್ಚರವಾಗತೊಡಗಿತು. ಎಚ್ಚರವಾದರೆ ಏಳಬೇಕಲ್ಲ? ಏಳುತ್ತಿರಲಿಲ್ಲ. ಇದು ಹಳೆಯ ಸೋಮಾರಿತನವಲ್ಲ, ದಯವಿಟ್ಟು ನಂಬಿ. ಕತ್ತಲಲ್ಲಿ ಕಣ್ಣು ಬಿಟ್ಟುಕೊಂಡು ಕೇಳುತ್ತ ಮಲಗಿರುತ್ತಿದ್ದೆ. ಹಿಂದಿನ ಕೋಣೆಯ ಅಗುಳಿ ತೆಗೆದ ಸದ್ದು. ಕೊಡಕ್ಕೆ ಕೊಡ ತಾಗಿದ ಸದ್ದು. ಅಕ್ಕನ ಬಳೆ. ಓಣಿಯಲ್ಲಿ ಹೆಜ್ಜೆ. ಕಿಟಕಿಯ ಹತ್ತಿರ ಹೆಜ್ಜೆ ನಿಲ್ಲುತ್ತಿತ್ತು. ಆಮೇಲೆ ಹೆಬ್ಬೆರಳಿಗೆ ಮೆಲ್ಲನೆ ಒಂದು ಜಗ್ಗು. ಆ ಜಗ್ಗು ಬರುವವರೆಗಿನ ಆ ಗಳಿಗೆಯಲ್ಲಿದ್ದ ಸುಖ ನನಗೆ ಮತ್ತೆ ಯಾವ ಮೆತ್ತೆಯ ಮೇಲೂ ಸಿಕ್ಕಿಲ್ಲ. ಇಷ್ಟು ದೊಡ್ಡ ಊರಿನಲ್ಲಿ, ಅಷ್ಟು ಕತ್ತಲಲ್ಲಿ, ನನ್ನ ಒಂದು ಬೆರಳನ್ನು ನೆನಪಿಟ್ಟುಕೊಂಡು ಒಬ್ಬರು ಬರುತ್ತಾರೆ ಎನ್ನುವುದು ಸಣ್ಣ ಮಾತಲ್ಲ. ರಂಗನಾಥನ ಗುಟ್ಟೂ ಇದೇ ಇರಬೇಕೆಂದು ನನಗೆ ಅನುಮಾನ. ಮೂರು ಲೋಕ ಕಾಯುವವನಿಗೆ ನಿದ್ದೆಯೆಲ್ಲಿಂದ ಬರಬೇಕು? ಬಾಗಿಲಾಚೆ ವಾದ್ಯದವರ ಹೆಜ್ಜೆ ಕೇಳಿದ ಕೂಡಲೇ ಕಣ್ಣು ಮುಚ್ಚಿಕೊಳ್ಳುತ್ತಾನೆ, ಅಷ್ಟೆ.

ಶ್ರಾವಣದಲ್ಲಿ ಅಕ್ಕನ ಮದುವೆಯಾಯಿತು. ಗಂಡು ನಂಜನಗೂಡಿನಾಚೆಯ ಹಳ್ಳಿಯವರು, ಜಮೀನುದಾರರು, ಒಳ್ಳೆಯ ಜನ. ನನ್ನ ಪರೀಕ್ಷೆಗೆ ಇನ್ನೂ ಕೆಲವು ವಾರವಿತ್ತು. ಅಕ್ಕ ಗಾಡಿ ಹತ್ತುವಾಗ ಅವ್ವನನ್ನು ತಬ್ಬಿಕೊಂಡು ಅತ್ತಳು, ಅಪ್ಪನ ಕಾಲಿಗೆ ಬಿದ್ದಳು. ನನ್ನ ಹತ್ತಿರ ಬಂದಾಗ ಅಳು ನುಂಗಿಕೊಂಡು, ಇನ್ನು ಮೇಲೆ ನೀನೇ ಏಳಬೇಕು ಅಂದಳು. ಹೂಂ ಅಂದೆ. ಗಾಡಿ ಮೂಲೆ ತಿರುಗಿದ ಮೇಲೆ ಒಳಗೆ ಬಂದು ಗೋಡೆಗೆ ಮುಖ ಮಾಡಿಕೊಂಡು ಕೂತೆ.

ಮಾರನೆಯ ಬೆಳಗಿನ ಜಾವ ಎಚ್ಚರವಾಯಿತು. ಹುರಿ ಕಾಲಿನಲ್ಲೇ ಇತ್ತು, ನಾನೇ ಕಟ್ಟಿಕೊಂಡಿದ್ದೆ. ಯಾರು ಎಳೆಯುತ್ತಾರೆಂದು ಕಟ್ಟಿಕೊಂಡೆನೋ ಕೇಳಬೇಡಿ. ಸುಮ್ಮನೆ ಮಲಗಿ ಕಾದೆ. ಇನ್ನು ಏಳುವುದರಲ್ಲಿ ಅರ್ಥವಿಲ್ಲ, ಓದಿದರೆ ಕೇಳುವವರಿಲ್ಲ, ದಬ್ಬಣ ಹಿಡಿದರಾಯಿತು ಅನ್ನಿಸಿತು. ಹಳೆಯ ನಿದ್ದೆ ಬಂದು ಪಕ್ಕದಲ್ಲೇ ಕೂತಿತು. ಆಗ ಹಿಂದಿನ ಕೋಣೆಯ ಅಗುಳಿಯ ಸದ್ದಾಯಿತು. ಕೊಡದ ಸದ್ದಾಯಿತು. ಅಕ್ಕನ ಬಳೆಯ ಸದ್ದಿಲ್ಲ, ‘ಅಮ್ಮಾ’ ಎಂಬ ಒಂದು ನರಳಿಕೆ ಮಾತ್ರ. ಅವ್ವ ಸೊಂಟ ಹಿಡಿದುಕೊಂಡು ನೀರಿಗೆ ಹೊರಟಿದ್ದಳು.

ಹುರಿಯನ್ನು ಕಿತ್ತೆಸೆದು, ಹೇಗೋ ಏನೋ ಎಲ್ಲರನ್ನೂ ದಾಟಿಕೊಂಡು ಹೋದೆ. ಪಾಪವೋ ಪುಣ್ಯವೋ ನೋಡಲಿಲ್ಲ. ಅವ್ವನ ಕೈಯಿಂದ ಕೊಡಗಳನ್ನು ಕಿತ್ತುಕೊಂಡು ನಲ್ಲಿಗೆ ಹೋದರೆ ಹೆಂಗಸರೆಲ್ಲ ಸೆರಗು ಬಾಯಿಗಿಟ್ಟುಕೊಂಡು ನಕ್ಕರು. ಮೀಸೆ ಚಿಗುರಿದ ಗಂಡು ನೀರಿಗೆ ಬಂದದ್ದು ಆ ಬೀದಿಯಲ್ಲಿ ಅದೇ ಮೊದಲು. ಸೊಸೆ ಬಂದಳು ದಾರಿ ಬಿಡ್ರೇ ಅಂದಳು ಒಬ್ಬಳು. ಕೊಡ ಸಾಲಿಗಿಟ್ಟು ಕಂಬದ ಕೆಳಗೆ ಕೂತು ಪುಸ್ತಕ ತೆಗೆದೆ. ಸುಮ್ಮನೆ ಪುಟ ಮಗುಚುತ್ತ ಕೂತೆ. ಯಾವಾಗಲೂ ರೇಗುತ್ತಿದ್ದ ಒಬ್ಬಾಕೆಯೇ, “ಓದಪ್ಪ, ನಿಮ್ಮಕ್ಕ ಇಲ್ದಿದ್ರೆ ಏನು, ನಾವು ಇಲ್ವಾ?” ಅಂದಳು. ಜೋರಾಗಿ ಓದಿದೆ. ಪರೀಕ್ಷೆಯವರೆಗೂ ಹಾಗೇ ಓದಿದೆ, ಹಾಗೇ ನೀರು ಹೊತ್ತೆ. ಎರಡು ಕೊಡ ನೀರು ಎಷ್ಟು ಭಾರವೆಂಬುದು ನನ್ನ ಹೆಗಲಿಗೆ ಆಗ ಗೊತ್ತಾಯಿತು. ಅವನ್ನು ಹೊತ್ತುಕೊಂಡು ಪ್ರಶ್ನೆ ಕೇಳುತ್ತಿದ್ದವಳನ್ನು ನೆನೆದು ದಾರಿಯಲ್ಲಿ ಒಬ್ಬನೇ ಅತ್ತಿದ್ದೂ ಉಂಟು.

ಪಾಸಾದೆ. ಅಪ್ಪ ದಬ್ಬಣವನ್ನು ಮಂಡಿಗೆ ವಾಪಸು ಒಯ್ದ. ಹುರಿಯನ್ನು ಬಿಟ್ಟುಹೋದ.

ಮೊದಲ ದೀಪಾವಳಿಗೆ ಹೊಸ ಅಳಿಯನನ್ನೂ ಮಗಳನ್ನೂ ಕರೆಯಲು ನನ್ನನ್ನೇ ಕಳಿಸಿದರು. ಅಕ್ಕನ ಮನೆಯ ಜಗಲಿಯ ಮೇಲೆ ಮಲಗಿದವನಿಗೆ ಎಂದಿನ ಹೊತ್ತಿಗೆ ಎಚ್ಚರವಾಯಿತು. ಎದ್ದು ಹೋದರೆ ಅಕ್ಕ ಆಗಲೇ ಬಾವಿಯಲ್ಲಿ ನೀರು ಸೇದುತ್ತಿದ್ದಳು. ಕೊಂಚ ಸೊರಗಿದ್ದಳು. ಹಗ್ಗವನ್ನು ಅವಳ ಕೈಯಿಂದ ಇಸಿದುಕೊಂಡು ಸೇದುತ್ತ, ಮನಸ್ಸಿನಲ್ಲಿದ್ದದ್ದನ್ನು ಹೇಳಿಬಿಟ್ಟೆ. ನೀನು ಹೋಗುವುದಕ್ಕೆ ಬಹಳ ಮುಂಚೆಯೇ ನನಗೆ ತಾನಾಗೇ ಎಚ್ಚರವಾಗುತ್ತಿತ್ತು ಕಣಕ್ಕ, ನೀನು ಎಳೆಯಲಿ ಅಂತ ಸುಮ್ಮನೆ ಮಲಗಿರುತ್ತಿದ್ದೆ ಅಂದೆ.

ಅಕ್ಕ ಬಾವಿಯೊಳಗೆ ನೋಡುತ್ತ ನಕ್ಕಳು.

“ಗೊತ್ತಿತ್ತು ಕಣ್ಲಾ. ನಿದ್ದೆ ಮಾಡೋರ ಕಾಲು ಮೂಟೆ ಇದ್ದಂಗೆ ಇರ್ತದೆ. ಎಚ್ಚರ ಇರೋರ್ದು ಹಗುರ. ನಿಂದು ಆಷಾಢದಿಂದ್ಲೂ ಹಗುರಾನೇ ಇತ್ತು.”

“ಮತ್ಯಾಕೆ ಎಳೀತಿದ್ದೆ?”

ಅವಳು ಕೊಡವನ್ನು ಸೊಂಟಕ್ಕೇರಿಸಿಕೊಂಡು, “ಇಲ್ಲಿ ಯಾರ ಕಾಲು ಎಳೀಲಿ?” ಅಂದು ಮನೆಯ ಕಡೆ ನಡೆದಳು.

ಇದಾಗಿ ಎಷ್ಟೋ ವರ್ಷಗಳಾದವು. ಅಪ್ಪ ಅವ್ವ ಈಗ ನನ್ನ ಜೊತೆಗಿದ್ದಾರೆ; ಮಂಡಿ ಮೊಹಲ್ಲಾ ಬಿಟ್ಟು ಅಗ್ರಹಾರದ ಕಡೆ ಬಾಡಿಗೆ ಮನೆ ಮಾಡಿದ್ದೇನೆ. ನಲ್ಲಿ ಹಿತ್ತಲಿಗೇ ಬಂದಿದೆ, ನೀರು ಮಾತ್ರ ಹಳೆಯ ಹೊತ್ತಿಗೇ ಬರುತ್ತದೆ. ನಾನೂ ಅದೇ ಹೊತ್ತಿಗೆ ಏಳುತ್ತೇನೆ. ಬೇಡವೆಂದರೂ ಎಚ್ಚರವಾಗುತ್ತದೆ. ಶಿಸ್ತಿನ ಮನುಷ್ಯ ಎಂದು ಶಾಲೆಯಲ್ಲಿ ಹೆಸರೂ ಬಂದಿದೆ. ಶಿಸ್ತಿನ ಮನುಷ್ಯ ಏನು ಮಾಡುತ್ತಾನೆಂದರೆ, ಎಚ್ಚರವಾದ ಮೇಲೂ ಕೊಂಚ ಹೊತ್ತು ಕಣ್ಣು ಮುಚ್ಚಿಕೊಂಡು, ಹೆಬ್ಬೆರಳನ್ನು ಹೊರಗಿಟ್ಟುಕೊಂಡು ಕಾಯುತ್ತಾನೆ. ಆಮೇಲೆ ತಾನೇ ಎದ್ದು ಹೋಗುತ್ತಾನೆ.

ಹೋದ ದಸರೆಗೆ ಅಕ್ಕ ಮಕ್ಕಳನ್ನು ಕರೆದುಕೊಂಡು ಬಂದಿದ್ದಳು. ಜಂಬೂಸವಾರಿ ನೋಡಿ ದಣಿದು ಎಲ್ಲರೂ ಪಡಸಾಲೆಯಲ್ಲಿ ಸಾಲಾಗಿ ಮಲಗಿದ್ದರು, ಕೊನೆಯ ಮೂಲೆಯಲ್ಲಿ ಅಕ್ಕ. ಬೆಳಗಿನ ಜಾವ ನಲ್ಲಿ ಗೊರಗುಟ್ಟಿತು. ಎದ್ದೆ. ಕೊಡದೊಳಗೆ ನೀರು ಬಿದ್ದರೆ ಸದ್ದಾಗುತ್ತದೆಂದು ನಲ್ಲಿಯ ಬಾಯಿಗೆ ಒಂದು ಬಟ್ಟೆ ಸುತ್ತಿದೆ. ಅಕ್ಕ ಮಲಗಿ ನಾನು ಎದ್ದಿರುವುದನ್ನು ಹುಟ್ಟಿದಂದಿನಿಂದ ನೋಡಿರಲಿಲ್ಲ. ಹಂಡೆ ತುಂಬಿತು, ಬೆಳಕಾಯಿತು, ಬಿಸಿಲು ಕಿಟಕಿಗೆ ಬಂತು. ಅಕ್ಕ ಏಳಲಿಲ್ಲ. ಹೆಂಡತಿಗೆ ಇವತ್ತು ಒಗ್ಗರಣೆ ತಡವಾಗಲಿ ಅಂದೆ, ಅಪ್ಪನಿಗೆ ಕೆಮ್ಮನ್ನು ಹಿತ್ತಲಲ್ಲಿ ಕೆಮ್ಮಿ ಅಂದೆ. ಬಿಸಿಲು ಅಕ್ಕನ ಮುಖಕ್ಕೆ ಬಡಿಯದಂತೆ ಕಿಟಕಿಗೆ ನನ್ನ ಪಂಚೆ ಇಳಿಬಿಟ್ಟೆ.

ಆಗ ನೋಡಿದೆ, ಅವಳ ಒಂದು ಪಾದ ಹೊದಿಕೆಯಿಂದ ಆಚೆಗೆ ಬಂದಿತ್ತು. ಹಿಮ್ಮಡಿ ಒಡೆದು, ಕಾಲುಂಗುರ ಸವೆದು ಹೋಗಿತ್ತು. ಚಳಿಯಾದೀತು, ಒಳಗೆ ಸೇರಿಸೋಣವೆಂದು ಮಲಗಿದ್ದ ಮಕ್ಕಳನ್ನು ದಾಟದೆ ಬಳಸಿಕೊಂಡು ಹೋಗಿ ಮೆಲ್ಲನೆ ಎತ್ತಿದೆ.

ಕಾಲು ಹಗುರವಾಗಿತ್ತು.

ರಗ್ಗು ಹೊದಿಸಿ, ಸದ್ದು ಮಾಡದೆ ಉಳಿದ ಕೊಡಗಳನ್ನು ತುಂಬಿಸಲು ಹೋದೆ.